ಅರ್ಧ ಫಾದರ್ ಮತ್ತು ಮೇಣ ಆರುವ ಹೊತ್ತು

ನಮ್ಮ ಚಿಕ್ಕಪ್ಪನನ್ನು ಬೀದಿಯವರೆಲ್ಲ ಅರ್ಧ ಫಾದರ್ ಎಂದೇ ಕರೆಯುವುದು. ಬೆನ್ನ ಹಿಂದೆ ಅಲ್ಲ, ಎದುರಿಗೇ. ಅವನೂ ಒಂದಿಷ್ಟು ಬೇಸರ ಮಾಡಿಕೊಳ್ಳದೆ "ಏನಪ್ಪಾ, ಹೇಳು" ಎಂದು ತಿರುಗಿ ನಿಲ್ಲುತ್ತಾನೆ. ಫಾದರ್ ಆಗಿ ಬರಲಿ ಎಂದು ಮನೆಯವರು ಸೆಮಿನರಿಗೆ ಕಳಿಸಿದರೆ, ಓದನ್ನು ನಡುವೆಯೇ ಬಿಟ್ಟು ಪೆಟ್ಟಿಗೆ ಸಮೇತ ಬಂದು ಬಾಗಿಲಲ್ಲಿ ನಿಂತವನು ಅವನು. ಹೆಸರು ಆಗ ಅಂಟಿಕೊಂಡದ್ದು, ಈಗ ತಲೆ ಬೆಳ್ಳಗಾದರೂ ಬಿಟ್ಟಿಲ್ಲ. "ಕಾಲು ಫಾದರ್ ಅನ್ನದೆ ಅರ್ಧ ಅಂತಾರಲ್ಲ, ದೊಡ್ಡ ಮನಸ್ಸು ಅವರದ್ದು" ಎಂದು ಅವನೇ ನಗುತ್ತಾನೆ.

ನನಗೂ ಒಂದು ಅಡ್ಡಹೆಸರಿದೆ, ಜಡ್ಜಮ್ಮ. ಅದು ಯಾಕೆ ಬಂತು ಎಂದು ಹೇಳಬೇಕಾದರೆ ನಮ್ಮ ಕೆಲಸದ ಬಗ್ಗೆ ಹೇಳಬೇಕು. ನಮ್ಮದು ಮೇಣದಬತ್ತಿ ಮಾಡುವ ಮನೆ. ತಾತನ ಕಾಲದಿಂದಲೂ ಊರಿನ ಚರ್ಚುಗಳಲ್ಲಿ ಉರಿಯುವುದು ನಮ್ಮದೇ ಬತ್ತಿ. ಮನೆಯ ಹಿಂದೆ ಉದ್ದನೆಯ ಒಂದು ಕೋಣೆ. ಗೋಡೆಗೆ ಹತ್ತಿದಂತೆ ಒಲೆ, ಒಲೆಯ ಮೇಲೆ ಬಿಸಿನೀರಿನ ದೊಡ್ಡ ಪಾತ್ರೆ, ಅದರೊಳಗೆ ಮೇಣ ಕರಗುವ ಇನ್ನೊಂದು ಪಾತ್ರೆ. ಕೆಲಸಕ್ಕೆ ಬರುವ ಬತ್ತಿಯಕ್ಕ ಹತ್ತಿಯ ನೂಲು ಹೆಣೆದು ಮರದ ಚೌಕಟ್ಟಿಗೆ ಸಾಲಾಗಿ ಕಟ್ಟಿಕೊಡುತ್ತಾಳೆ. ಚಿಕ್ಕಪ್ಪ ಆ ಚೌಕಟ್ಟನ್ನು ಮೇಣದಲ್ಲಿ ಅದ್ದಿ ಎತ್ತುತ್ತಾನೆ, ತಂತಿಗೆ ತೂಗುಹಾಕುತ್ತಾನೆ, ಆರಿದ ಮೇಲೆ ಮತ್ತೆ ಅದ್ದುತ್ತಾನೆ. ಹೀಗೆ ಅದ್ದಿ ಅದ್ದಿ ನೂಲೆಳೆ ಬೆರಳಿನಷ್ಟು ದಪ್ಪವಾಗುತ್ತದೆ. ದೊಡ್ಡ ಬತ್ತಿಗಳನ್ನು ಅಚ್ಚಿನಣ್ಣ ತವರದ ಅಚ್ಚಿನಲ್ಲಿ ಎರಕ ಹೊಯ್ಯುತ್ತಾನೆ. ಒಲೆ, ಮೇಣ, ಯಜಮಾನಿಕೆ, ಸಿಡುಕು ಇವಿಷ್ಟೂ ಅಪ್ಪನ ವಶ.

ಕೊನೆಗೆ ಎಲ್ಲ ಬತ್ತಿಯೂ ಕಿಟಕಿಯ ಪಕ್ಕದ ನನ್ನ ಮೇಜಿಗೆ ಬರುತ್ತದೆ. ಒಂದೊಂದನ್ನೂ ಬೆಳಕಿಗೆ ಹಿಡಿದು ಹೊರಳಿಸಿ ನೋಡಿ ಪಾಸು ಇಲ್ಲವೆ ಫೇಲು ಅನ್ನುವವಳು ನಾನು. ಫೇಲಾದದ್ದನ್ನು ಸುಮ್ಮನೆ ಕರಗಿಸಲು ಎಸೆಯುವಂತಿಲ್ಲ. ಸೊಟ್ಟಗಿದೆ, ಗುಳ್ಳೆ ಎದ್ದಿದೆ, ನೂಲು ನಡುಮಧ್ಯೆ ಇಲ್ಲ ಎಂದು ದೋಷವನ್ನು ಬಾಯಿಬಿಟ್ಟು ಹೇಳಿಯೇ ವಾಪಸು ಕೊಡಬೇಕು. ತಾತ ಮಾಡಿಟ್ಟ ಕಟ್ಟಳೆ ಅದು. ಹಾಗಾಗಿ ಯಾರಾದರೂ ನನ್ನೆದುರು "ಯಾಕೋ ಇದು ಸರಿಯಿಲ್ಲ" ಎಂದರೆ ಸಾಕು, "ಏನು ದೋಷ? ಹೇಳಿ!" ಎಂದು ನನ್ನ ನಾಲಿಗೆ ತಾನಾಗಿಯೇ ಓಡುತ್ತದೆ. ಅಡುಗೆಮನೆಯಲ್ಲೂ ಹೀಗೇ, ಚರ್ಚಿನ ಮೆಟ್ಟಿಲ ಮೇಲೂ ಹೀಗೇ. ನನ್ನ ಗಂಡನಾದವನು ಪಾಪ, ನಿಟ್ಟುಸಿರು ಬಿಡುವುದಕ್ಕೂ ಹೆದರುತ್ತಾನೆ.

ಈಗ ಚಿಕ್ಕಪ್ಪನ ವಿಷಯಕ್ಕೆ ಬರುತ್ತೇನೆ. ಅದ್ದಿದ ಬತ್ತಿ ಆರುವವರೆಗೆ ಕಾಯಲೇಬೇಕು. ಅವಸರಪಟ್ಟು ಅದ್ದಿದರೆ ಹಿಂದಿನ ಪದರವೂ ಕರಗಿ ಇಳಿದುಹೋಗುತ್ತದೆ. ಆ ಆರುವ ಹೊತ್ತಿನಲ್ಲಿ ಚಿಕ್ಕಪ್ಪ ಕೈ ಒರೆಸಿಕೊಂಡು, ಕನ್ನಡಕ ಏರಿಸಿ, ಎಲ್ಲರಿಗೂ ಕೇಳುವಂತೆ ಪುಸ್ತಕ ಓದುತ್ತಾನೆ. ರಷ್ಯದ ಹಳೆಯ ಕಾದಂಬರಿಗಳು. ಬೇರೆ ಯಾವುದನ್ನೂ ಮೂಸಿಯೂ ನೋಡುವುದಿಲ್ಲ.

ಅವು ಅವನಿಗೆ ಸಿಕ್ಕಿದ್ದು ಸೆಮಿನರಿಯಲ್ಲೇ. ಗ್ರಂಥಾಲಯದಲ್ಲಿ ಪ್ರವಚನದ ಸಂಪುಟಗಳ ಹಿಂದೆ ಧೂಳು ತಿನ್ನುತ್ತ ಬಿದ್ದಿದ್ದವಂತೆ. ರಟ್ಟು ಕಿತ್ತುಬಂದು ಮೊದಲ ಹಾಳೆಗಳು ಹಾರಿಹೋಗಿ, ಬರೆದ ಪುಣ್ಯಾತ್ಮರು ಯಾರೆಂದೂ ತಿಳಿಯದಂಥವು. ಇವನು ಪಾಠದ ಪುಸ್ತಕದೊಳಗೆ ಬಚ್ಚಿಟ್ಟುಕೊಂಡು ಓದಿದ್ದೇ ಓದಿದ್ದು. ಒಂದು ದಿನ ಅಲ್ಲಿನ ಮುಖ್ಯಸ್ಥರ ಎದುರು ಹೋಗಿ ನಿಂತು, "ಫಾದರ್, ಈ ಪುಸ್ತಕದಲ್ಲಿ ಒಬ್ಬ ಕುಡುಕ ಇದಾನೆ. ಅವನು ದೇವರನ್ನ ಕರೆಯೋ ಥರ ನಾನು ಒಂದು ದಿನಾನೂ ಕರೆದಿಲ್ಲ. ನನಗೆ ಜಪ ಬಾಯಿಪಾಠ ಬರುತ್ತೆ, ಅಷ್ಟೇ" ಎಂದನಂತೆ. ಅವರು "ಹಾಗಾದ್ರೆ ಮನೆಗೆ ಹೋಗಿ ದೇವರನ್ನ ಕರೆಯಪ್ಪಾ. ಈ ಪುಸ್ತಕಗಳನ್ನೂ ಹೊತ್ಕೊಂಡು ಹೋಗು, ಇಲ್ಲಿದ್ರೆ ಇನ್ನೊಬ್ಬ ಹೊರಡ್ತಾನೆ" ಎಂದರಂತೆ. ಇದು ಚಿಕ್ಕಪ್ಪನ ಬಾಯಿಂದ ಕೇಳಿದ್ದು. ಉಪ್ಪುಖಾರ ಎಷ್ಟು ಹಚ್ಚಿದ್ದಾನೋ ಆ ದೇವರೇ ಬಲ್ಲ.

ರಷ್ಯದವರ ಹೆಸರುಗಳೆಂದರೆ ನಮಗೆಲ್ಲ ತಲೆನೋವು. ಒಬ್ಬನಿಗೇ ಅಮ್ಮ ಕರೆಯುವ ಹೆಸರು ಬೇರೆ, ಸಾಹೇಬ ಕರೆಯುವುದು ಬೇರೆ, ಹೆಂಡತಿ ಬೈಯುವಾಗ ಬಳಸುವುದು ಬೇರೆ. ಯಾರು ಸತ್ತರು, ಯಾರು ಮದುವೆಯಾದರು ಎಂದು ಗೊತ್ತಾಗದೆ ಬತ್ತಿಯಕ್ಕ ಒಮ್ಮೆ ಬದುಕಿದ್ದವನಿಗಾಗಿ ಒಂದು ವಾರ ದುಃಖಪಟ್ಟಳು. ಆಮೇಲೆ ನಾವೇ ಹೆಸರಿಟ್ಟುಕೊಂಡೆವು. ಹರಕುಕೋಟಿನವನು, ಅಳುಬುರುಕ ಗುಮಾಸ್ತ, ದೊಡ್ಡಮನೆ ಅಮ್ಮಾವ್ರು, ಗಡ್ಡದ ಸನ್ಯಾಸಿ. ಈಗ ಅವರೆಲ್ಲ ನಮ್ಮ ಪಕ್ಕದ ಮನೆಯವರಷ್ಟೇ ಪರಿಚಿತರು, ಪಕ್ಕದ ಮನೆಯವರ ಬಗ್ಗೆ ಆಡುವಷ್ಟೇ ಮಾತು ಅವರ ಬಗ್ಗೆಯೂ ಆಡುತ್ತೇವೆ.

"ಆ ಗುಮಾಸ್ತನ ಕಪಾಳಕ್ಕೆ ಎರಡು ಬಿಡಬೇಕು" ಎನ್ನುತ್ತಾಳೆ ಬತ್ತಿಯಕ್ಕ. "ಕುಡೀತಾನೆ, ಅಳ್ತಾನೆ, ದೇವರೇ ಅಂತಾನೆ, ಮತ್ತೆ ಹೋಗಿ ಕುಡೀತಾನೆ."

"ಅಳ್ತಾನಲ್ಲಕ್ಕಾ, ಅದನ್ನ ನೋಡು" ಎನ್ನುತ್ತಾನೆ ಚಿಕ್ಕಪ್ಪ. "ನಾವು ಕುಡಿಯೋದೂ ಇಲ್ಲ, ಅಳೋದೂ ಇಲ್ಲ. ನಮಗೆ ಏನೂ ಆಗೇ ಇಲ್ಲ ಅನ್ನೋ ಥರ ಚರ್ಚಿಗೆ ಹೋಗಿ ಬರ್ತೀವಿ."

"ನೀನು ಹೇಳೋದು ಕೇಳಿದ್ರೆ ಈ ಸಂಜೆಯಿಂದಲೇ ಕುಡಿಯೋಕೆ ಶುರು ಮಾಡ್ಬೇಕು ಅನ್ಸುತ್ತೆ" ಎಂದು ಅಚ್ಚಿನಣ್ಣ ಮೂಲೆಯಿಂದ ಕೂಗುತ್ತಾನೆ.

ಇನ್ನೊಂದು ಪುಸ್ತಕದಲ್ಲಿ ಒಬ್ಬ ಓದಿದ ಹುಡುಗ ದೇವರೇ ಇಲ್ಲ ಎಂದು ಪುಟಗಟ್ಟಲೆ ವಾದ ಮಾಡುತ್ತಾನೆ. ಬತ್ತಿಯಕ್ಕನಿಗೆ ಅದು ಹಿಡಿಸಲೇ ಇಲ್ಲ. "ಇಲ್ಲದವನ ಮೇಲೆ ಇಷ್ಟು ಕೋಪ ಯಾಕಂತೆ ಇವನಿಗೆ?" ಎಂದಳು. ಚಿಕ್ಕಪ್ಪ ಪುಸ್ತಕ ಮಡಚಿಟ್ಟು ಖುಷಿಯಿಂದ ತೊಡೆ ತಟ್ಟಿದ. "ಇದೇ ಕಣಕ್ಕಾ ಇವರ ವಿಶೇಷ. ದೇವರನ್ನ ಒಪ್ಪದೇ ಇರೋನು ಕೂಡ ದೇವರ ಸೆರಗು ಬಿಡೋದಿಲ್ಲ. ಒಬ್ಬ ತಪ್ಪು ಮಾಡಿದ್ರೆ ಪಕ್ಕದಲ್ಲಿರೋನು ತಲೆ ತಗ್ಗಿಸ್ತಾನೆ. ಒಳ್ಳೆಯವರು ಅನ್ನಿಸ್ಕೊಂಡವರು ಸೆಟೆದು ನಿಂತಿರ್ತಾರೆ, ಮೊದಲು ಮಂಡಿ ಊರೋದು ಕೆಟ್ಟವನೇ." ಹೀಗೆ ಅವನು ಭಾಷಣಕ್ಕೆ ಇಳಿದರೆ ಮುಗಿಯಿತು. ಮೇಣ ಕೆನೆಗಟ್ಟುತ್ತದೆ, ಚೌಕಟ್ಟುಗಳು ತಂತಿಯ ಮೇಲೆ ನೇತಾಡುತ್ತಲೇ ಇರುತ್ತವೆ, ಅಪ್ಪನ ಮುಖ ಊದಿಕೊಳ್ಳುತ್ತದೆ.

ಅಪ್ಪ ಬೈಯಬಹುದಿತ್ತಲ್ಲ ಎನ್ನುತ್ತೀರಾ? ಬೈಯಬೇಕಾದರೆ ಮಾತಾಡಬೇಕಲ್ಲ! ಅಪ್ಪ ತನ್ನ ತಮ್ಮನ ಜೊತೆ ಮಾತಾಡುವುದಿಲ್ಲ. ಚಿಕ್ಕಪ್ಪ ಸೆಮಿನರಿ ಬಿಟ್ಟು ಬಂದಂದಿನಿಂದ ಇಲ್ಲ, ನಾನು ಹುಟ್ಟುವುದಕ್ಕೂ ಮುಂಚಿನಿಂದ ಇಲ್ಲ. ಜಗಳವಿಲ್ಲ, ಕೂಗಾಟವಿಲ್ಲ. ಒಂದೇ ಕೋಣೆಯಲ್ಲಿ, ಒಂದೇ ಒಲೆಯ ಎರಡು ಮಗ್ಗುಲಲ್ಲಿ ನಿಂತು ದಿನವಿಡೀ ದುಡಿಯುತ್ತಾರೆ, ಒಂದೇ ಮೇಜಿನಲ್ಲಿ ಉಣ್ಣುತ್ತಾರೆ. ಮಾತು ಮಾತ್ರ ನನ್ನ ಮೂಲಕ.

"ನಿನ್ನ ಚಿಕ್ಕಪ್ಪನಿಗೆ ಹೇಳು, ಮೇಣ ಕಾದಿದೆ ಅಂತ."

ಚಿಕ್ಕಪ್ಪ ಅಲ್ಲೇ, ಕೈ ಚಾಚಿದರೆ ಸಿಗುವಷ್ಟು ದೂರದಲ್ಲಿ ನಿಂತಿರುತ್ತಾನೆ. ಕೇಳಿಸಿಯೂ ಇರುತ್ತದೆ. ಆದರೂ ನಾನು ತಿರುಗಿ, "ಚಿಕ್ಕಪ್ಪಾ, ಮೇಣ ಕಾದಿದೆಯಂತೆ" ಎನ್ನಬೇಕು. ಆಗಲೇ ಅವನು ಅದ್ದುವುದು. ಒಮ್ಮೆ ನನಗೆ ಗಂಟಲು ಕಟ್ಟಿ ದನಿಯೇ ಹೊರಡದೆ ಹೋದಾಗ ಇಬ್ಬರೂ ಬೆಪ್ಪಾಗಿ ನಿಂತುಬಿಟ್ಟರು. ಅಚ್ಚಿನಣ್ಣ ದಯೆತೋರಿ ನನ್ನ ಕೆಲಸಕ್ಕೆ ನಿಂತ.

ತಮಾಷೆಯೆಂದರೆ ಅಪ್ಪನಿಗೂ ಆ ಕಾದಂಬರಿಗಳ ಹುಚ್ಚು. ಬೆನ್ನು ತಿರುಗಿಸಿ ಮೇಣ ಕದಡುತ್ತಿರುತ್ತಾನೆ, ಕಿವಿ ಮಾತ್ರ ಈ ಕಡೆಗೇ. ಅಳುಬುರುಕ ಗುಮಾಸ್ತ ಜ್ವರ ಬಂದು ಮಲಗಿದ ಕಡೆ ಓದು ನಿಂತಿದ್ದಾಗ, ಊಟದ ಹೊತ್ತಿನಲ್ಲಿ ಅಪ್ಪ ತಟ್ಟೆಯನ್ನೇ ನೋಡುತ್ತ ನನಗೆ ಹೇಳಿದ: "ಅವನು ಸಾಯ್ತಾನೋ ಉಳೀತಾನೋ ಕೇಳು." ಎದುರಿಗೆ ಕೂತಿದ್ದ ಚಿಕ್ಕಪ್ಪ ತನ್ನ ತಟ್ಟೆಯನ್ನು ನೋಡುತ್ತ ಹೇಳಿದ: "ಉಳೀತಾನಂತೆ ಅಂತ ಹೇಳಮ್ಮಾ." ಅಪ್ಪ ಸಮಾಧಾನದಿಂದ ಇನ್ನೊಂದು ತುತ್ತು ಜಾಸ್ತಿ ಉಂಡ.

ನಗು ಬರುತ್ತದೆ, ನಿಜ. ಆದರೆ ಚಿಕ್ಕಪ್ಪನಿಗೆ ಅದು ನಗುವ ವಿಷಯವಾಗಿರಲಿಲ್ಲ. ಒಮ್ಮೆ ಅಂಗಳದಲ್ಲಿ ಚೌಕಟ್ಟು ತೊಳೆಯುತ್ತಿದ್ದಾಗ ನಾನೇ ಕೆದಕಿ ಕೇಳಿದೆ. ಅವನು ಬ್ರಷ್ ಕೆಳಗಿಟ್ಟ. "ಅಣ್ಣ ನನ್ನನ್ನ ಕ್ಷಮಿಸಿಲ್ಲ ಕಣೇ. ಮನೆಯವರು ನನ್ನನ್ನ ದೇವರಿಗೆ ಅಂತ ಕೊಟ್ಟಿದ್ರು, ನಾನು ವಾಪಸ್ ಎದ್ದು ಬಂದೆ. ಅಮ್ಮ ಅತ್ತಳು, ಅಪ್ಪ ಬೈದ, ಆಮೇಲೆ ಇಬ್ರೂ ಮರೆತ್ರು. ಅಣ್ಣ ಮರೀಲಿಲ್ಲ. ಬೀದಿಯವರು ಅರ್ಧ ಫಾದರ್ ಅಂದ್ರೆ ನನಗೆ ನಗು ಬರುತ್ತೆ. ಅಣ್ಣ ಮಾತಾಡದೆ ಮುಖ ತಿರುಗಿಸ್ಕೊಂಡಾಗ ಮಾತ್ರ ನಾನು ನಿಜವಾಗ್ಲೂ ಅರ್ಧ ಅನ್ಸುತ್ತೆ." ಅಪ್ಪನ ಮೇಲೆ ಬಂದ ಸಿಟ್ಟಿಗೆ ಆ ದಿನ ಬಂದ ಬತ್ತಿಯನ್ನೆಲ್ಲ ಫೇಲು ಮಾಡಿದೆ.

ಹೀಗಿರುವಾಗ ದೂರದ ಊರಿನ ಒಂದು ಚರ್ಚಿನ ಶಾಲೆಯಿಂದ ಚಿಕ್ಕಪ್ಪನಿಗೆ ಕರೆ ಬಂತು. ಅಲ್ಲಿನ ಗ್ರಂಥಾಲಯ ನೋಡಿಕೊಳ್ಳಲು, ಮಕ್ಕಳಿಗೆ ಓದಿಹೇಳಲು ಆಳು ಬೇಕಂತೆ. ನಮ್ಮ ಚರ್ಚಿನ ಫಾದರ್ ಇವನ ಹೆಸರು ಹೇಳಿದ್ದರಂತೆ. ಇರಲು ಒಂದು ಕೋಣೆ, ಕೋಣೆಯ ತುಂಬ ಪುಸ್ತಕ. ತಪಸ್ಸುಕಾಲ, ಅಂದರೆ ಈಸ್ಟರಿಗೆ ಮುಂಚಿನ ಉಪವಾಸದ ದಿನಗಳು ಶುರುವಾಗುವ ಹೊತ್ತಿಗೆ ಹೂಂ ಅಥವಾ ಊಹೂಂ ಹೇಳಬೇಕಿತ್ತು.

"ಹೋಗ್ತೀಯಾ?" ಎಂದೆ.

"ಹೋಗೋ ಮನಸ್ಸಿಲ್ಲ. ಈ ಮೇಣದ ವಾಸನೆ ಬಿಟ್ಟು ನನಗೆ ನಿದ್ದೆ ಬರುತ್ತಾ? ಆದ್ರೆ ಇಲ್ಲಿ ಇದ್ದು ಅಣ್ಣನ ಕಣ್ಣಿಗೆ ಚುಚ್ತಾನೇ ಇರೋದು ಎಷ್ಟು ದಿನ? ಅವನು ಒಂದೇ ಒಂದು ಸಲ ನನ್ನ ಮುಖ ನೋಡಿ ಇರು ಅಂದ್ರೆ ಇರ್ತೀನಿ. ಇಲ್ಲದಿದ್ರೆ ಹೊರಡ್ತೀನಿ."

ನಾನು ನೆಟ್ಟಗೆ ಅಪ್ಪನ ಹತ್ತಿರ ಹೋಗಿ ಇದ್ದದ್ದು ಇದ್ದ ಹಾಗೆ ಹೇಳಿದೆ. ಅಪ್ಪ ಮೇಣದಿಂದ ತಲೆಯೆತ್ತಲಿಲ್ಲ. "ಹೋಗಲಿ ಅನ್ನು" ಎಂದ. ಅಂದವನೇ ಎಷ್ಟು ಜೋರಾಗಿ ಕದಡಿದನೆಂದರೆ ಮೇಣ ಚಿಮ್ಮಿ ಅವನ ಮುಂಗೈ ಸುಟ್ಟಿತು. ಆ ಮಾತನ್ನು ಮಾತ್ರ ನಾನು ಮುಟ್ಟಿಸಲಿಲ್ಲ. ಎಲ್ಲ ಮಾತನ್ನೂ ಹೊತ್ತು ಹಾಕಲು ನಾನೇನು ಕತ್ತೆಯೇ?

ಈಸ್ಟರಿನ ಬತ್ತಿಗಳ ಅವಸರದ ಕಾಲ ಅದು. ತಂತಿಯ ಮೇಲೆ ಜಾಗವಿರಲಿಲ್ಲ, ಅಚ್ಚುಗಳು ಬಿಡುವಿಲ್ಲದೆ ತುಂಬುತ್ತಿದ್ದವು. ಉಪವಾಸ ಶುರುವಾಗುವ ಮುಂಚಿನ ಕೊನೆಯ ದಿನ ಸಂಜೆ ಚಹಾ ಕುಡಿದು, ಕೊನೆಯ ಚೌಕಟ್ಟು ಅದ್ದಿ ತೂಗುಹಾಕಿ ಚಿಕ್ಕಪ್ಪ ಓದತೊಡಗಿದ. ಕಾದಂಬರಿಯಲ್ಲೂ ಅದೇ ದಿನ ಬಂದಿತ್ತು. ಬೇಕೆಂದೇ ಲೆಕ್ಕ ಹಾಕಿ ಅಲ್ಲಿಗೆ ತಂದು ನಿಲ್ಲಿಸಿದ್ದನೋ ಏನೋ, ಕೇಳಿದರೆ ಬಾಯಿ ಬಿಡುವುದಿಲ್ಲ.

ಕಥೆಯಲ್ಲಿ ಹೊರಗೆ ಹಿಮ ಸುರಿಯುತ್ತಿದೆ. ದೊಡ್ಡಮನೆ ಅಮ್ಮಾವ್ರು, ಯಾರ ಮುಂದೆಯೂ ಕತ್ತು ಬಗ್ಗಿಸದ ಹೆಂಗಸು, ಅಡುಗೆಮನೆಗೆ ಇಳಿದು ಬರುತ್ತಾಳೆ. ಅಡುಗೆಯವಳ ಮುಂದೆ ನಿಂತು ನೆಲದವರೆಗೆ ಬಾಗಿ "ನನ್ನನ್ನು ಕ್ಷಮಿಸು" ಎನ್ನುತ್ತಾಳೆ. ಅಡುಗೆಯವಳು "ದೇವರು ಕ್ಷಮಿಸುತ್ತಾನೆ, ನೀವೂ ನನ್ನನ್ನು ಕ್ಷಮಿಸಿ" ಎಂದು ತಾನೂ ಬಾಗುತ್ತಾಳೆ. ಹಾಗೆಯೇ ಗಾಡಿಯವನು, ಸೌದೆ ಒಡೆಯುವವನು, ಎಲ್ಲರೂ ಎಲ್ಲರ ಮುಂದೆ. ಆ ದೇಶದ ಕ್ರೈಸ್ತರಲ್ಲಿ ಉಪವಾಸ ಹಿಡಿಯುವ ಮುನ್ನ ಹೀಗೆ ಮಾಡುತ್ತಾರಂತೆ. ಲೆಕ್ಕ ಚುಕ್ತಾ ಮಾಡಿಕೊಂಡೇ ದೇವರ ಮುಂದೆ ಹೋಗಬೇಕಂತೆ.

ಓದು ನಿಂತಾಗ ಬತ್ತಿಯಕ್ಕ ಸೆರಗಿನಿಂದ ಮೂಗು ಒರೆಸಿಕೊಂಡು, "ನಾವೂ ಮಾಡೋಣ್ವಾ?" ಎಂದಳು.

"ಮಾಡೋಣ, ಅದೇನು ಮಹಾ" ಎಂದು ಅಚ್ಚಿನಣ್ಣ ಎದ್ದೇಬಿಟ್ಟ. ಹೋಗಿ ಬತ್ತಿಯಕ್ಕನ ಮುಂದೆ ಅರ್ಧ ಬಗ್ಗಿ, ಸೊಂಟ ಹಿಡಿದುಕೊಂಡು, "ನನ್ನನ್ನ ಕ್ಷಮಿಸಕ್ಕಾ" ಎಂದ.

ಅಷ್ಟಕ್ಕೇ ಬಿಟ್ಟಿದ್ದರೆ ಎಲ್ಲ ಚೆನ್ನಾಗಿ ಮುಗಿಯುತ್ತಿತ್ತು. ಆದರೆ ಕಿಟಕಿಯ ಪಕ್ಕ ಕೂತಿದ್ದ ನನ್ನ ಹಾಳು ನಾಲಿಗೆ, "ಏನು ದೋಷ? ಹೇಳಿ!" ಎಂದು ಕೂಗಿತು.

ಅಚ್ಚಿನಣ್ಣನೂ ನಮ್ಮ ಮನೆಯ ಅಭ್ಯಾಸದವನೇ ಅಲ್ಲವೇ? ಕೇಳಿದ ಕೂಡಲೇ ಬಾಯಿಂದ ಬಂದುಬಿಟ್ಟಿತು. "ಇವಳ ಸ್ಟೂಲಿನ ಕಾಲಿನ ಕೆಳಗೆ ಇಟ್ಟಿದ್ದ ಮರದ ಚಕ್ಕೆ ತೆಗೆದು ನನ್ನ ಅಚ್ಚಿನ ಕೆಳಗೆ ಇಟ್ಕೊಂಡಿದೀನಿ."

"ನೀನಾ!" ಬತ್ತಿಯಕ್ಕ ನೆಟ್ಟಗಾದಳು. "ನೆಲ ಕುಸಿದಿದೆ ಅಂತ ಇಷ್ಟು ದಿನ ಓಲಾಡ್ಕೊಂಡು ಕೂತಿದ್ದೆನಲ್ಲೋ, ಪಾಪಿ! ಹೋಗ್ಲಿ, ದೇವರು ಕ್ಷಮಿಸ್ತಾನೆ. ನೀನೂ ನನ್ನನ್ನ ಕ್ಷಮಿಸು."

"ಏನು ದೋಷ?" ಈ ಸಲ ಕೇಳಿದ್ದು ಅಚ್ಚಿನಣ್ಣನೇ.

ಬತ್ತಿಯಕ್ಕ ಸ್ವಲ್ಪ ಹೊತ್ತು ನೂಲು ತಿರುವಿದಳು. "ಚರ್ಚಿನ ಗಾಯನದ ಗುಂಪಲ್ಲಿ ನಿನ್ನನ್ನ ಹಿಂದಿನ ಸಾಲಿಗೆ ಹಾಕಿದ್ರಲ್ಲ, ನೀನು ಎತ್ತರ ಇದೀಯ ಅಂತ ಹಾಕಿದ್ದಲ್ಲ. ಮಾಸ್ತರಿಗೆ ನಾನೇ ಹೇಳಿದ್ದು. ನಿನ್ನ ಪಕ್ಕ ನಿಂತ್ರೆ ನನಗೆ ರಾಗ ತಪ್ಪುತ್ತೆ."

ಅಬ್ಬಬ್ಬಾ, ಆಮೇಲೆ ಎದ್ದ ಗದ್ದಲ ಕೇಳಬೇಕಿತ್ತು! ಅಚ್ಚಿನಣ್ಣ ತನ್ನ ರಾಗದಲ್ಲಿ ಏನು ಕೊರತೆ ಎಂದು ಅಲ್ಲೇ ಹಾಡಿ ತೋರಿಸತೊಡಗಿದ. ಬತ್ತಿಯಕ್ಕ ಕಿವಿ ಮುಚ್ಚಿಕೊಂಡಳು. ಚಿಕ್ಕಪ್ಪ ಪುಸ್ತಕವನ್ನು ತಲೆಯ ಮೇಲೆ ಎತ್ತಿ ಹಿಡಿದು, "ಅಯ್ಯೋ, ಕಾರಣ ಹೇಳಬಾರದು ಕಣ್ರೋ! ಪುಸ್ತಕದಲ್ಲಿ ಯಾರೂ ಕಾರಣ ಹೇಳೋದಿಲ್ಲ! ಸುಮ್ನೆ ಬಗ್ಗಬೇಕು ಅಷ್ಟೇ!" ಎಂದು ಬೊಬ್ಬೆ ಹೊಡೆಯುತ್ತಿದ್ದ. ಕೇಳುವವರು ಯಾರು? ರಷ್ಯದವರು ದೊಡ್ಡ ಮನಸ್ಸಿನ ಜನ, ಸಗಟಾಗಿ ಕ್ಷಮಿಸುತ್ತಾರೆ. ನಮಗೆ ಒಂದೊಂದಾಗಿ ಬೆಳಕಿಗೆ ಹಿಡಿದು ನೋಡಿಯೇ ರೂಢಿ.

ಗದ್ದಲ ತಗ್ಗಿಸಲು ನಾನೇ ಎದ್ದು ಚಿಕ್ಕಪ್ಪನ ಮುಂದೆ ಬಗ್ಗಿದೆ. "ಚಿಕ್ಕಪ್ಪಾ, ಕ್ಷಮಿಸು. ಅಪ್ಪ 'ಆ ಓದು ನಿಲ್ಲಿಸಿ ಕೆಲಸ ನೋಡು ಅನ್ನು' ಅಂತ ಹೇಳ್ದಾಗೆಲ್ಲ ನಾನು 'ದಯವಿಟ್ಟು ಸ್ವಲ್ಪ ಬೇಗ ಅಂತೆ' ಅಂತ ಹೇಳ್ತಿದ್ದೆ."

"ಗೊತ್ತು ಕಣೇ" ಎಂದ ಚಿಕ್ಕಪ್ಪ. "ನಿಮ್ಮಪ್ಪ ಜನ್ಮದಲ್ಲಿ ದಯವಿಟ್ಟು ಅಂದೋನಲ್ಲ."

ಎಲ್ಲರೂ ಹೊಟ್ಟೆ ಹಿಡಿದುಕೊಂಡು ನಕ್ಕೆವು. ನಗುನಗುತ್ತಲೇ ಚಿಕ್ಕಪ್ಪ ಒಲೆಯ ಕಡೆ ತಿರುಗಿದ, ಅವನ ನಗು ನಿಂತುಹೋಯಿತು. ಅಪ್ಪ ಎಂದಿನಂತೆ ನಮಗೆ ಬೆನ್ನು ಹಾಕಿ ನಿಂತಿದ್ದ. ಚಿಕ್ಕಪ್ಪ ಕನ್ನಡಕ ತೆಗೆದು ಅಂಗಿಯ ಜೇಬಿಗೆ ಹಾಕಿಕೊಂಡ, ನಾಲ್ಕು ಹೆಜ್ಜೆ ನಡೆದ, ಆ ಬೆನ್ನ ಹಿಂದೆ ನಿಧಾನವಾಗಿ ಮಂಡಿಯೂರಿದ. ಮೇಣ ಹನಿದು ಹನಿದು ನುಣುಪಾದ ನೆಲ ಅದು, ಕೈಯೂರಿದರೆ ಜಾರುತ್ತದೆ. ಹಣೆ ನೆಲಕ್ಕೆ ಮುಟ್ಟಿಸಿದ.

"ಅಣ್ಣಾ, ನನ್ನನ್ನ ಕ್ಷಮಿಸು."

ಈ ಸಲ ನಾನು ನಾಲಿಗೆ ಕಚ್ಚಿ ಹಿಡಿದಿದ್ದೆ, ದೇವರಾಣೆಗೂ. ಯಾರೂ ದೋಷ ಕೇಳಲಿಲ್ಲ. ಆದರೂ ಚಿಕ್ಕಪ್ಪನೇ ಹೇಳಿದ. "ದೇವರಿಗೆ ಕೊಟ್ಟಿದ್ದನ್ನ ನಾನು ವಾಪಸ್ ತಂದೆ. ಮನೆ ಮರ್ಯಾದೆ ಕಳೆದೆ. ನಿನಗೆ ನೋವು ಮಾಡ್ದೆ. ನಾಳೆ ಆ ಊರಿಗೆ ಬರ್ತೀನಿ ಅಂತ ಹೇಳಿಬಿಡ್ತೀನಿ. ಅದಕ್ಕೆ ಮುಂಚೆ ಒಂದು ಮಾತು ಆಡಿಬಿಡಣ್ಣಾ."

ಅಪ್ಪ ಗಿರ್ರನೆ ತಿರುಗಿದ. ಅವನ ಮುಖ ನೋಡಿದೆ. ಸಿಟ್ಟು ಇರುತ್ತದೆ ಎಂದುಕೊಂಡಿದ್ದೆ. ಇರಲಿಲ್ಲ. ತಪ್ಪು ಮಾಡಿ ಸಿಕ್ಕಿಬಿದ್ದ ಹುಡುಗನ ಮುಖ ಅದು.

"ಏಳೋ" ಎಂದ ಅಪ್ಪ. ನಾನು ಹುಟ್ಟಿದ ಮೇಲೆ ಅವನು ತಮ್ಮನಿಗೆ ನೇರವಾಗಿ ಆಡಿದ ಮೊದಲ ಮಾತು. "ಏಳು ಅಂದೆ. ನೀನು ಕೇಳೋದಲ್ಲ, ಕೇಳಬೇಕಾದೋನು ನಾನು."

ಚಿಕ್ಕಪ್ಪ ಮಂಡಿಯ ಮೇಲೇ ಉಳಿದ. ಅಪ್ಪ ಕೈಯಲ್ಲಿದ್ದ ಮೇಣ ಕದಡುವ ಕೋಲನ್ನು ಎಲ್ಲಿಡಬೇಕೆಂದು ತಿಳಿಯದೆ ಹಿಡಿದೇ ಇದ್ದ. ತಡೆತಡೆದು ಮಾತಾಡಿದ. "ಸೆಮಿನರಿಗೆ ಹೋಗಬೇಕು ಅಂತ ಇದ್ದೋನು ನಾನು ಕಣೋ. ಚಿಕ್ಕಂದಿನಿಂದ ಅದೊಂದೇ ಆಸೆ. ನನ್ನ ಕೈಗೆ ಮೇಣದ ಕೆಲಸ ಹಿಡಿದುಬಿಟ್ಟಿತ್ತು, ನಿನ್ನ ಕೈಗೆ ಹಿಡೀಲಿಲ್ಲ. ಅದಕ್ಕೇ ಅಪ್ಪ ನನ್ನನ್ನ ಇಟ್ಕೊಂಡು ನಿನ್ನನ್ನ ಕಳಿಸ್ತೀನಿ ಅಂದ. ನಾನು ಬಾಯಿ ಬಿಡಲಿಲ್ಲ. ನಿನ್ನ ಪೆಟ್ಟಿಗೆ ಹೊತ್ತು ಬಸ್ ಹತ್ತಿಸಿ ಬಂದೆ. ಆಮೇಲೆ ನೀನು ವಾಪಸ್ ಬಂದೆ. ಅಮ್ಮ ಅಳ್ತಾ ಇದ್ದಳು, ಅಪ್ಪ ಗೋಡೆ ಕಡೆ ತಿರುಗಿ ಕೂತಿದ್ದ. ನಾನು ಇದೇ ಕೋಣೆಗೆ ಬಂದು ಬಾಗಿಲು ಹಾಕ್ಕೊಂಡು..." ಅಪ್ಪ ಕೋಲನ್ನು ಈ ಕೈಯಿಂದ ಆ ಕೈಗೆ ಬದಲಾಯಿಸಿದ. "ನಕ್ಕೆ ಕಣೋ. ಖುಷಿಯಾಯ್ತು ನನಗೆ. ನನಗೆ ಸಿಗದೇ ಇದ್ದದ್ದು ಇವನಿಗೂ ಸಿಗಲಿಲ್ಲವಲ್ಲ ಅಂತ ಕುಣಿಯೋವಷ್ಟು ಖುಷಿಯಾಯ್ತು. ಒಡಹುಟ್ಟಿದ ತಮ್ಮ ಸೋತು ಬಂದ್ರೆ ನಕ್ಕೋನು ನಾನು. ಅವತ್ತಿಂದ ನಿನ್ನ ಮುಖ ನೋಡೋಕೆ ಆಗಲಿಲ್ಲ. ನೋಡಿದ್ರೆ ಎಲ್ಲಿ ಗೊತ್ತಾಗಿಬಿಡುತ್ತೋ ಅಂತ. ದಿನಾ ಚರ್ಚಿಗೆ ಬತ್ತಿ ನಾನೇ ಹೊತ್ಕೊಂಡು ಹೋಗ್ತಿದ್ದೆ, ಇದನ್ನ ಫಾದರ್ ಮುಂದೆ ಹೇಳಿ ಪಾಪ ಒಪ್ಕೊಂಡುಬಿಡೋಣ ಅಂತ. ಅಲ್ಲೂ ಬಾಯಿ ಬರಲಿಲ್ಲ."

ಬತ್ತಿಯಕ್ಕ ಬಾಯಿಗೆ ಸೆರಗು ಅಡ್ಡ ಹಿಡಿದಿದ್ದಳು. ಅಚ್ಚಿನಣ್ಣ ನೆಲ ನೋಡುತ್ತಿದ್ದ. ನನಗಂತೂ ಕಣ್ಣು ಮಂಜಾಗಿ ಅಪ್ಪ ಯಾರು, ಚಿಕ್ಕಪ್ಪ ಯಾರು ಎಂದೇ ಕಾಣುತ್ತಿರಲಿಲ್ಲ. ಇಷ್ಟು ವರ್ಷ ತಮ್ಮನನ್ನು ಕ್ಷಮಿಸದ ಕಲ್ಲೆದೆಯವನು ಎಂದು ಮನಸ್ಸಿನಲ್ಲೇ ಬೈದಿದ್ದೆನಲ್ಲ, ಆ ಕಲ್ಲೆದೆಯವನು ಇಷ್ಟು ವರ್ಷವೂ ತಮ್ಮನಿಗೆ ಹೆದರಿಕೊಂಡು ಒಲೆಯ ಕಡೆ ಮುಖ ಮಾಡಿ ನಿಂತಿದ್ದ.

ಚಿಕ್ಕಪ್ಪನ ಭುಜ ಅಲುಗಾಡತೊಡಗಿತು. ಅಳುತ್ತಿದ್ದಾನೆ ಎಂದುಕೊಂಡು ನಾನು ಹತ್ತಿರ ಹೋದೆ. ನೋಡಿದರೆ ನಗು! ತಡೆಯಲಾರದೆ, ಕಣ್ಣಲ್ಲಿ ನೀರು ಸುರಿಸುತ್ತ, ನೆಲದ ಮೇಲೆ ಕುಕ್ಕರಿಸಿ ನಗುತ್ತಿದ್ದ.

"ಅಣ್ಣಾ" ಎಂದ. "ಬಸ್ಸಿನಲ್ಲಿ ದಾರಿಯುದ್ದಕ್ಕೂ ನಾನು ಹಾಡು ಹೇಳ್ಕೊಂಡು ಬಂದೆ ಕಣಣ್ಣಾ! ಬಿಡುಗಡೆಯಾಯ್ತಲ್ಲ, ಮನೆಗೆ ಹೋಗ್ತಾ ಇದೀನಲ್ಲ ಅಂತ. ಪಕ್ಕದಲ್ಲಿ ಕೂತಿದ್ದೋನು ಮದುವೆಗಾ ಅಂತ ಕೇಳ್ದ. ನಮ್ಮ ಬೀದಿ ತಿರುವಿಗೆ ಬಂದ ಮೇಲೆ ಅಯ್ಯೋ, ನಗುಮುಖದಲ್ಲಿ ಹೋದ್ರೆ ಚೆನ್ನಾಗಿರಲ್ಲ ಅಂತ ಅಳುಮುಖ ಹಾಕ್ಕೊಂಡೆ. ಆ ದಿನ ಮನೇಲಿ ಖುಷಿಯಾಗಿದ್ದೋರು ನಾವಿಬ್ಬರೇ ಕಣಣ್ಣಾ. ಒಬ್ಬರಿಗೊಬ್ಬರು ಹೇಳ್ಕೊಳ್ಳಲಿಲ್ಲ, ಅಷ್ಟೇ."

ಅಪ್ಪ ಮೊದಲು ಅರ್ಥವಾಗದವನ ಹಾಗೆ ನೋಡಿದ. "ಹಾಡಾ?" ಎಂದ.

"ಜೋರಾಗಿ! ಕಂಡಕ್ಟರು ಬೈದ."

ಅಪ್ಪನ ಬಾಯಿಯ ಒಂದು ಮೂಲೆ ಅಲುಗಿತು, ಆಮೇಲೆ ಇನ್ನೊಂದು. ನಮ್ಮಪ್ಪ ನಗುವುದನ್ನು ನಾನು ಕಂಡಿರಲಿಲ್ಲವೆಂದಲ್ಲ. ಹೀಗೆ ಕಂಡಿರಲಿಲ್ಲ. ಕೋಲು ಕೈಯಿಂದ ಬಿತ್ತು, ಅವನೂ ಹಾಗೇ ನೆಲಕ್ಕೆ ಕುಸಿದು ತಮ್ಮನೆದುರು ಕೂತ. ಇಬ್ಬರು ಮುದುಕರು ಮೇಣದ ನೆಲದ ಮೇಲೆ ಕೂತು, ಒಬ್ಬರ ಭುಜ ಒಬ್ಬರು ಹಿಡಿದುಕೊಂಡು, ನಗುವುದೋ ಅಳುವುದೋ ತಿಳಿಯದೆ ಎರಡನ್ನೂ ಮಾಡುತ್ತಿದ್ದರು. "ದೇವರು ಕ್ಷಮಿಸ್ತಾನೆ ಅನ್ನಿ, ಯಾರಾದ್ರೂ ಒಬ್ಬರು ಅನ್ನಿ, ಇಲ್ದಿದ್ರೆ ಲೆಕ್ಕಕ್ಕೆ ಬರಲ್ಲ" ಎಂದು ಬತ್ತಿಯಕ್ಕ ಅಳುತ್ತಲೇ ಗದರಿಸಿದಳು. ಇಬ್ಬರೂ ಒಟ್ಟಿಗೇ ಅಂದರು.

"ಆ ಊರಿಗೆ ಹೋಗಬೇಡ ಕಣೋ" ಎಂದ ಅಪ್ಪ, ಕಣ್ಣೊರೆಸಿಕೊಂಡು.

"ಇಲ್ಲ ಬಿಡು."

ಮೇಣ ಗಟ್ಟಿಯಾಗುತ್ತಿದ್ದರೂ ಯಾರೂ ಏಳಲಿಲ್ಲ. ಅಪ್ಪ ಮುಂಗೈಯ ಸುಟ್ಟ ಕಲೆಯನ್ನು ಸವರುತ್ತಿದ್ದ. ಏನೋ ಕೇಳಲು ಬಾಯಿ ತೆರೆದು ಮುಚ್ಚಿದ. ಕೊನೆಗೆ ನಾಚಿಕೊಂಡು, ತಗ್ಗಿದ ದನಿಯಲ್ಲಿ ಕೇಳಿಯೇಬಿಟ್ಟ.

"ಅಲ್ಲಿ ಬೆಳಿಗ್ಗೆ ಎದ್ದ ಕೂಡ್ಲೇ ಏನು ಮಾಡ್ತಾರೆ?"

"ಎಲ್ಲಿ?"

"ಸೆಮಿನರೀಲಿ ಕಣೋ. ಎಷ್ಟು ವರ್ಷದಿಂದ ಕೇಳಬೇಕು ಅಂತಿದೀನಿ."

ಚಿಕ್ಕಪ್ಪನ ನಗು ಮೆಲ್ಲಗೆ ಇಳಿಯಿತು. ಅಣ್ಣನ ಮುಖವನ್ನು ಸ್ವಲ್ಪ ಹೊತ್ತು ನೋಡಿದ. ಆಮೇಲೆ ಹೇಳತೊಡಗಿದ. ಕತ್ತಲಿರುವಾಗಲೇ ಗಂಟೆ ಹೊಡೆಯುವುದು, ತಣ್ಣೀರಿಗೆ ಹುಡುಗರು ಹೆದರಿ ಹೆದರಿ ಮುಖ ಒಡ್ಡುವುದು, ಉದ್ದನೆಯ ಹಜಾರದಲ್ಲಿ ಯಾರೂ ಮಾತಾಡದೆ ಸಾಲಾಗಿ ನಡೆಯುವುದು, ಪೂಜಾಪೀಠದ ಮುಂದೆ ಎರಡೇ ಬತ್ತಿ ಹಚ್ಚಿ, ಆ ಬೆಳಕಿನಲ್ಲಿ ನಿದ್ದೆಗಣ್ಣಲ್ಲೇ ಎಲ್ಲರೂ ಮೊದಲ ಕೀರ್ತನೆ ಎತ್ತಿಕೊಳ್ಳುವುದು. ಅಪ್ಪ ಕೈಗಳನ್ನು ಮಡಿಲಲ್ಲಿಟ್ಟುಕೊಂಡು, ರೆಪ್ಪೆ ಬಡಿಯದೆ ಕೇಳುತ್ತಿದ್ದ. ಚಿಕ್ಕಪ್ಪ ಉಸಿರು ತೆಗೆದುಕೊಳ್ಳಲು ನಿಲ್ಲಿಸಿದ.

"ಆಮೇಲೆ?" ಎಂದ ಅಪ್ಪ.